ನಾರಾಯಣ್ ಮನೆಯ ಎಂಟು ಕಿಟಕಿ, ಸತ್ಯನ್ ನಡೆದ ಬೀದಿ

ದೊಡ್ಡ ಕಲಾವಿದರ ಮನೆಬದುಕಿನ ಫೋಟೋ ಅಂದ ಕೂಡಲೇ ಎಲ್ಲರೂ ಹೇಳುವುದು ಪಿಕಾಸೊ ಕಥೆ. 1956ರಲ್ಲಿ ‘ಲೈಫ್’ ಪತ್ರಿಕೆಯ ಡೇವಿಡ್ ಡಗ್ಲಾಸ್ ಡಂಕನ್ ಫ್ರಾನ್ಸಿನ ಕಾನ್ ಊರಿನ ಮನೆಗೆ ಹೋದಾಗ ಪಿಕಾಸೊ ಸ್ನಾನದ ತೊಟ್ಟಿಯಲ್ಲಿ ಕೂತಿದ್ದರಂತೆ. ಮೊದಲ ಫೋಟೋ ಅಲ್ಲೇ ಆಯಿತು. ಆಮೇಲೆ 1973ರಲ್ಲಿ ಪಿಕಾಸೊ ತೀರಿಕೊಳ್ಳುವವರೆಗೂ ಆ ಸ್ನೇಹ ನಡೆಯಿತು. ಆ ಕಥೆ ನನಗೂ ಇಷ್ಟ. ಆದರೆ ನಮ್ಮ ಮೈಸೂರಿನಲ್ಲೇ ಅಂಥದ್ದೊಂದು ಜೋಡಿ ಇತ್ತು ಅನ್ನೋದನ್ನ ನಾವು ಅಷ್ಟು ನೆನೆಯುವುದಿಲ್ಲ. ಆರ್.ಕೆ. ನಾರಾಯಣ್ ಮತ್ತು ಟಿ.ಎಸ್. ಸತ್ಯನ್. ಒಬ್ಬರು ಮಾಲ್ಗುಡಿಯನ್ನು ಕಟ್ಟಿದವರು. ಇನ್ನೊಬ್ಬರು 1923ರಲ್ಲಿ ಮೈಸೂರಿನಲ್ಲೇ ಹುಟ್ಟಿ, ‘ಲೈಫ್’, ‘ಟೈಮ್’ ಪತ್ರಿಕೆಗಳಿಗೂ ಯುನಿಸೆಫ್‌ಗೂ ಚಿತ್ರ ತೆಗೆದ ಫೋಟೋಗ್ರಾಫರ್, ನಾರಾಯಣ್ ಅವರ ಚಿತ್ರಗಳನ್ನೂ ತೆಗೆದವರು.

ಬೆಂಗಳೂರಿನ ಕಸ್ತೂರಬಾ ರಸ್ತೆಯ ಮ್ಯೂಸಿಯಂ ಆಫ್ ಆರ್ಟ್ ಅಂಡ್ ಫೋಟೋಗ್ರಫಿಯಲ್ಲಿ ಸತ್ಯನ್ ಅವರ ಚಿತ್ರಗಳನ್ನು ನೋಡಿದ ಮೇಲೆ ಮೈಸೂರಿಗೆ ಹೋಗಲೇಬೇಕು ಅನ್ನಿಸಿತು. ಅವರ ಚಿತ್ರಗಳಲ್ಲಿ ಯಾರೂ ಕ್ಯಾಮೆರಾಕ್ಕಾಗಿ ಮೈ ಬಿಗಿ ಮಾಡಿಕೊಂಡು ನಿಂತಂತೆ ಕಾಣುವುದಿಲ್ಲ. ಅದು ಹೇಗೆ ಸಾಧ್ಯ ಆಯಿತು ಅನ್ನೋದೇ ನನ್ನ ಕುತೂಹಲ. ನಾರಾಯಣ್ ಇದ್ದ ಮನೆ, ಓಡಾಡಿದ ಬೀದಿ, ಅಲ್ಲಿನ ಬೆಳಕು ಇಷ್ಟನ್ನಾದರೂ ಕ್ಯಾಮೆರಾದಲ್ಲಿ ನೋಡಿ ಬರೋಣ ಅಂತ ಹೊರಟೆ.

ಶುಕ್ರವಾರ: ಯಾದವಗಿರಿ

ಬೆಳಗಿನ ರೈಲು. ಮದ್ದೂರು ಬರುವ ಮೊದಲೇ ಡಬ್ಬಿಯಲ್ಲಿ ವಡೆ ವಾಸನೆ. ಬಿಸಿ ಇದೆಯಾ ಅಂತ ಕೈಯಿಂದ ಮುಟ್ಟಿ ನೋಡಿಯೇ ತಗೊಳ್ಳಿ. ಅಂಚು ಗರಿಗರಿಯಾಗಿ, ಒಳಗಿನ ಈರುಳ್ಳಿ ಇನ್ನೂ ಸ್ವಲ್ಪ ಸಿಹಿಯಾಗಿರುವಾಗ ತಿಂದರೇನೇ ಅದು ಮದ್ದೂರು ವಡೆ. ಶ್ರೀರಂಗಪಟ್ಟಣದಲ್ಲಿ ಕಾವೇರಿ ತುಂಬಿ ಹರಿಯುತ್ತಿದ್ದಳು. ಪಕ್ಕದಲ್ಲಿದ್ದ ಅಜ್ಜಿ ಕಿಟಕಿಯಿಂದಲೇ ಕೈ ಮುಗಿದು, ಒಂದು ನಾಣ್ಯ ಎಸೆದರು.

ದಸರಾ ಮುಗಿದು ವಾರ ಆಗಿತ್ತು. ಈ ಸಮಯ ಮೈಸೂರಿಗೆ ಹೋಗೋಕೆ ತುಂಬಾ ಚೆನ್ನ. ರೂಮು ಸಲೀಸಾಗಿ ಸಿಗುತ್ತದೆ. ಏಣಿ ಹಾಕಿಕೊಂಡು ದೀಪದ ಸರ ಬಿಚ್ಚುತ್ತಿದ್ದ ಹುಡುಗರು ರಸ್ತೆ ತುಂಬಾ ಇದ್ದರು. ಸ್ಟೇಷನ್ ಹತ್ತಿರವೇ ರೂಮು ಮಾಡಿ, ಬ್ಯಾಗ್ ಇಟ್ಟು, ನಡೆದೇ ಯಾದವಗಿರಿಗೆ ಹೊರಟೆ. ದೂರ ಏನಿಲ್ಲ, ಆಟೋ ಬೇಕಾಗಿಲ್ಲ. ರಸ್ತೆ ನಿಧಾನಕ್ಕೆ ಏರುತ್ತದೆ. ಆಕಾಶವಾಣಿ ಇರುವುದೂ ಇದೇ ಬಡಾವಣೆಯಲ್ಲಿ. 1935ರಲ್ಲಿ ಎಂ.ವಿ. ಗೋಪಾಲಸ್ವಾಮಿ ತಮ್ಮ ಸ್ವಂತ ಆಸಕ್ತಿಯಿಂದ ರೇಡಿಯೊ ಶುರು ಮಾಡಿದ್ದು ಮೈಸೂರಿನಲ್ಲೇ ಅಲ್ವಾ.

ವಿವೇಕಾನಂದ ರಸ್ತೆಯಲ್ಲಿ ನಾರಾಯಣ್ ಮನೆ. ಎರಡು ಅಂತಸ್ತು. ಹೊರಕ್ಕೆ ಬಾಗಿದ ಕಿಟಕಿಗಳ ಸಾಲು ದೂರದಿಂದಲೇ ಗುರುತು ಸಿಗುತ್ತದೆ. 1950ರ ದಶಕದ ಶುರುವಿನಲ್ಲಿ ಅವರು ಇಷ್ಟಪಟ್ಟು ಕಟ್ಟಿಸಿಕೊಂಡ ಮನೆ ಇದು. 2011ರಲ್ಲಿ ಇದನ್ನು ಒಡೆಯೋಕೆ ಕೆಲಸ ಶುರುವೂ ಆಗಿತ್ತು. ಊರಿನವರು, ಬರಹಗಾರರು, ಪತ್ರಿಕೆಯವರು ದನಿ ಎತ್ತಿದ್ದರಿಂದ ನಿಂತಿತು. ದುರಸ್ತಿಯಾಗಿ 2016ರ ಜುಲೈನಲ್ಲಿ ಮ್ಯೂಸಿಯಂ ಆಗಿ ತೆರೆಯಿತು.

ಒಳಗೆ ಫೋಟೋ ತೆಗೆಯಬಹುದಾ ಅಂತ ಮೊದಲು ಕೇಳಿ. ನಾನು ಕೇಳಿದೆ. ಅಲ್ಲಿದ್ದವರು ನನ್ನ ಕ್ಯಾಮೆರಾ ನೋಡಿ, “ಫ್ಲಾಶ್ ಬೇಡ, ನಿಧಾನವಾಗಿ ನೋಡಿ” ಅಂದರು. ಪದಕ, ಪುಸ್ತಕ, ಹಳೆಯ ಫೋಟೋಗಳು, ಕನ್ನಡಕ, ತೊಡುತ್ತಿದ್ದ ಬಟ್ಟೆ. ಒಂದು ಕೋಟಿನ ಮುಂದೆ ನಾನು ಬಹಳ ಹೊತ್ತು ನಿಂತೆ. ತೋಳು ಮೊಣಕೈ ಹತ್ತಿರ ಸ್ವಲ್ಪ ಬಾಗಿ, ಅದೇ ಬಾಗಿನಲ್ಲಿ ಉಳಿದುಬಿಟ್ಟಿದೆ. ಮೇಜಿನ ಮೇಲೆ ಕೈಯೂರಿ ಕೂರುವವರ ಕೋಟು ಹಾಗೇ ಆಗುತ್ತದೆ.

ಗಾಜಿನ ಪೆಟ್ಟಿಗೆಯಲ್ಲಿರುವ ವಸ್ತುವಿನ ಚಿತ್ರ ತೆಗೆಯೋದು ಕಷ್ಟ. ಟ್ಯೂಬ್‌ಲೈಟು, ಎದುರಿನ ಬಾಗಿಲು, ನಮ್ಮ ಅಂಗಿ, ಎಲ್ಲವೂ ಗಾಜಿನಲ್ಲಿ ಮೂಡುತ್ತದೆ. ಕಪ್ಪು ಬಟ್ಟೆಯೊಂದನ್ನು ಬ್ಯಾಗಿನಲ್ಲಿಟ್ಟುಕೊಂಡರೆ ಒಳ್ಳೆಯದು. ಲೆನ್ಸಿನ ಸುತ್ತ ಹಿಡಿದು, ಗಾಜಿಗೆ ಆದಷ್ಟು ಹತ್ತಿರ ಹೋದರೆ ಅರ್ಧ ಪ್ರತಿಬಿಂಬ ಹೋಗುತ್ತದೆ. ಪೋಲರೈಸರ್ (ಪ್ರತಿಬಿಂಬ ತಗ್ಗಿಸಲು ಲೆನ್ಸಿಗೆ ಹಾಕುವ ಫಿಲ್ಟರ್) ಇದ್ದರೆ ಓರೆಯಾಗಿ ನಿಲ್ಲಬೇಕು, ನೇರ ನಿಂತರೆ ಅದು ಕೆಲಸ ಮಾಡುವುದಿಲ್ಲ. ಇಷ್ಟೆಲ್ಲ ಮಾಡಿದರೂ ಕನ್ನಡಕದ ಮೇಲೆ ಟ್ಯೂಬ್‌ಲೈಟಿನ ಬಿಳಿ ಗೆರೆ ಉಳಿದೇ ಉಳಿಯಿತು.

ಮಹಡಿಯ ಮೇಲೆ ಅವರು ಬರೆಯುತ್ತಿದ್ದ ಕೋಣೆ. ಎಂಟು ಕಿಟಕಿ. ಎಲ್ಲಾ ದಿಕ್ಕೂ ಕಾಣಲಿ ಅಂತ ಅವರೇ ಯೋಚಿಸಿ ಮಾಡಿಸಿದ್ದು. ಆಗ ಸುತ್ತ ಬಯಲು. ಚಾಮುಂಡಿ ಬೆಟ್ಟ, ಮೇಯುವ ದನ, ಹೋಗುವ ರೈಲು, ಎಲ್ಲಾ ಕಾಣುತ್ತಿತ್ತು. ಕೂತು ನೋಡುತ್ತಾ ಬರೆಯೋದೇ ಆಗುತ್ತಿಲ್ಲ ಅಂತ ಗೊತ್ತಾದ ಮೇಲೆ ಪರದೆ ಹಾಕಿ ಆ ನೋಟವನ್ನೇ ಮುಚ್ಚಿಸಿಬಿಟ್ಟರು. ಇದನ್ನು ಅವರೇ ಬರೆದುಕೊಂಡಿದ್ದಾರೆ. ಆ ಕೋಣೆಯಲ್ಲಿ ನಿಂತಾಗ ನನಗೆ ಅವರ ತಮ್ಮ, ವ್ಯಂಗ್ಯಚಿತ್ರಕಾರ ಆರ್.ಕೆ. ಲಕ್ಷ್ಮಣ್ ನೆನಪಾದರು. 1921ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಆ ಹುಡುಗ ಕಿಟಕಿಯಾಚೆ ಕಂಡದ್ದನ್ನೇ ಬರೆದು ಬರೆದು ಕೈ ಪಳಗಿಸಿಕೊಂಡವರು. ಒಣ ಕಡ್ಡಿ, ಎಲೆ, ಸೌದೆ ಒಡೆಯುವ ಆಳು, ಎದುರು ಮನೆ ಸೂರಿನ ಮೇಲೆ ಕೂತ ಕಾಗೆ. ಅಣ್ಣನಿಗೆ ಕಿಟಕಿ ಮುಚ್ಚಿದರೆ ಊರು ಕಂಡಿತು, ತಮ್ಮನಿಗೆ ಕಿಟಕಿಯೇ ಪಾಠಶಾಲೆ. ಒಬ್ಬ ಫೋಟೋಗ್ರಾಫರ್‌ಗೆ ಇದಕ್ಕಿಂತ ದೊಡ್ಡ ಪಾಠ ಬೇರೆ ಎಲ್ಲಿ ಸಿಗುತ್ತದೆ! ಕೆಲಸ ಮಾಡುವವರು ಯಾವ ಕಡೆ ಮುಖ ಮಾಡಿ ಕೂರುತ್ತಿದ್ದರು ಅಂತ ತಿಳಿದರೇನೇ ಆ ಕೋಣೆಯ ಚಿತ್ರಕ್ಕೆ ಅರ್ಥ.

ಈಗ ಆ ಕಿಟಕಿಗಳಿಂದ ಕಾಣುವುದು ಜಾಸ್ತಿ ಮರ ಮತ್ತು ಕಟ್ಟಡ. ಮೋಡ ಕವಿದಿತ್ತು, ಬೆಳಕು ಮಂಕು. ಕೆಲವು ಚಿತ್ರ ತೆಗೆದೆ. ಯಾವುದರಲ್ಲೂ ಜೀವ ಇರಲಿಲ್ಲ. ಮನೆ ಬಾಡಿಗೆಗಿದೆ ಅಂತ ಹಾಕುವ ಜಾಹೀರಾತಿನ ಚಿತ್ರದ ಹಾಗಿದ್ದವು.

ಗೇಟಿನ ಹೊರಗೆ ಹಾಲಿನ ಪ್ಯಾಕೆಟ್ ಹಿಡಿದ ಒಬ್ಬ ಹಿರಿಯರು ಸಿಕ್ಕರು. ನಾನು ರಸ್ತೆಯ ಆಚೆ ನಿಂತು ಮನೆಯ ಪೂರ್ತಿ ಚಿತ್ರ ತೆಗೆಯುತ್ತಿದ್ದೆ.

“ಒಳಗೆ ನೋಡಿದ್ರಾ?”

“ನೋಡ್ದೆ ಸಾರ್. ಚೆನ್ನಾಗಿ ಇಟ್ಟಿದ್ದಾರೆ.”

“ಮನೆ ಸರಿ. ಆದ್ರೆ ಅವರು ಮನೇಲಿ ಕೂತಿರೋ ಮನುಷ್ಯ ಅಲ್ಲ. ನಡೆಯೋರು. ಮಾರ್ಕೆಟ್ ಕಡೆ ನಡ್ಕೊಂಡು ಹೋಗಿ ನೋಡಿ. ಸುಮ್ನೆ ಇಲ್ಲಿ ಗೋಡೆ ತೆಗೆದ್ರೆ ಏನು ಬರತ್ತೆ?”

ಅವರು ಹಾಗಂದು ಹೊರಟೇ ಹೋದರು. ರಾತ್ರಿ ಊಟ ಮಾಡುವಾಗಲೂ ಆ ಮಾತೇ ತಲೆಯಲ್ಲಿತ್ತು.

ಶನಿವಾರ: ಕೆರೆ, ಕಾಲೇಜು, ಮಾರ್ಕೆಟ್

ಬೆಳಕು ಹರಿಯುವ ಮೊದಲೇ ಕುಕ್ಕರಹಳ್ಳಿ ಕೆರೆ. ಮುಮ್ಮಡಿ ಕೃಷ್ಣರಾಜ ಒಡೆಯರ್ 1864ರಲ್ಲಿ ಕಟ್ಟಿಸಿದ್ದು. ಓದುವ ದಿನಗಳಲ್ಲಿ ನಾರಾಯಣ್ ಪುಸ್ತಕ ಹಿಡಿದು ಈ ಕಡೆ ಬರುತ್ತಿದ್ದರು. ಏರಿಯ ಮೇಲೆ ಆಗಲೇ ಅರ್ಧ ಊರು ನಡೆಯುತ್ತಿತ್ತು. ಮಂಜು ನೀರಿನ ಮೇಲೆ ಹರಡಿತ್ತು. ಹೆಜ್ಜಾರ್ಲೆಗಳು ಗುಂಪಾಗಿ ತೇಲುತ್ತಿದ್ದವು. ರೆಕ್ಕೆ ಬಿಚ್ಚಿ ಒಣಗಿಸುತ್ತಿದ್ದ ನೀರುಕಾಗೆಯ ಮುಂದೆ ದೊಡ್ಡ ಲೆನ್ಸಿನವರು ಸಾಲಾಗಿ ನಿಂತಿದ್ದರು. ನನ್ನ ಹತ್ತಿರ ಇದ್ದದ್ದು ದೂರದ್ದನ್ನು ಹತ್ತಿರ ತರದ 35 ಎಂಎಂ ಲೆನ್ಸ್ ಒಂದೇ. ಬೇಕಂತಲೇ ಅದೊಂದನ್ನೇ ತಂದಿದ್ದೆ. ಅದರಲ್ಲಿ ಮನುಷ್ಯರ ಚಿತ್ರ ತೆಗೆಯಬೇಕಾದರೆ ಹತ್ತಿರ ಹೋಗಲೇಬೇಕು, ಮಾತಾಡಲೇಬೇಕು.

ನಜರ್‌ಬಾದಿನಲ್ಲಿ ಮೈಲಾರಿ ದೋಸೆ. ಮೆತ್ತಗಿನ ದೋಸೆ, ಮೇಲೆ ಕರಗುತ್ತಿರುವ ಬೆಣ್ಣೆ. ಒಂದು ಸಾಲಲ್ಲ, ಮೊದಲೇ ಎರಡು ಹೇಳಿಬಿಡಿ. ಶನಿವಾರ ಬೆಳಿಗ್ಗೆ ಹೊತ್ತಾದರೆ ಬಾಗಿಲಲ್ಲಿ ಕಾಯಬೇಕು.

ಅಲ್ಲಿಂದ ಬಂದು ಮಹಾರಾಜ ಕಾಲೇಜಿನ ಮುಂದೆ ನಿಂತೆ. ನಾರಾಯಣ್, ಲಕ್ಷ್ಮಣ್, ಸತ್ಯನ್ ಮೂವರೂ ಓದಿದ್ದು ಇಲ್ಲೇ. ಲಕ್ಷ್ಮಣ್ ಅವರಿಗೆ ಮುಂಬೈಯ ಜೆ.ಜೆ. ಕಲಾಶಾಲೆ ಸೀಟು ಕೊಡಲಿಲ್ಲ, ಹಾಗಾಗಿ ಈ ಕಾಲೇಜಿಗೆ ಸೇರಿದರು. ಇಲ್ಲಿರುವಾಗಲೇ ಅಣ್ಣನ ಕಥೆಗಳಿಗೆ ‘ದಿ ಹಿಂದೂ’ ಪತ್ರಿಕೆಯಲ್ಲಿ ಚಿತ್ರ ಬರೆಯುತ್ತಿದ್ದರು. ಲಕ್ಷ್ಮಣ್‌ಗೂ ಸತ್ಯನ್‌ಗೂ ಎರಡೇ ವರ್ಷದ ಅಂತರ. ಅಂದರೆ ಸತ್ಯನ್ ಕ್ಯಾಮೆರಾ ಎತ್ತಿದಾಗ ನಾರಾಯಣ್ ಅವರಿಗೆ ಯಾರೋ ಪತ್ರಿಕೆಯವರು ಬಂದಂತೆ ಅನ್ನಿಸಲು ಕಾರಣವೇ ಇಲ್ಲ. ಊರಿನ ಹುಡುಗ, ತಮ್ಮನ ಓರಗೆಯವನು. ಡಂಕನ್‌ಗೆ ಪಿಕಾಸೊ ಮನೆಯ ಬಾಗಿಲು ತೆರೆಯಿತು. ಸತ್ಯನ್‌ಗೆ ಬಾಗಿಲು ಮುಚ್ಚಿಯೇ ಇರಲಿಲ್ಲ. ಅವರ ಚಿತ್ರಗಳಲ್ಲಿರುವ ಸಲಿಗೆ ಎಲ್ಲಿಂದ ಬಂತು ಅಂತ ನನಗೆ ಹೊಳೆದದ್ದು ಆ ಕಾಲೇಜಿನ ಕಾಂಪೌಂಡ್ ಮುಂದೆ.

ಲಕ್ಷ್ಮೀಪುರಂ ರಸ್ತೆಗಳಲ್ಲಿ ನಿಧಾನಕ್ಕೆ ನಡೆದೆ. ಯಾದವಗಿರಿಗೆ ಬರುವ ಮೊದಲು ನಾರಾಯಣ್ ಕುಟುಂಬ ಇದ್ದದ್ದು ಈ ಕಡೆ. ಇನ್ನೂ ಅಲ್ಲಲ್ಲಿ ಹೆಂಚಿನ ಮನೆ, ಕಾಂಪೌಂಡಿನಾಚೆ ತೆಂಗು, ಜಗುಲಿಯ ಮೇಲೆ ಒಣಗಲು ಹಾಕಿದ ಸಂಡಿಗೆ. 1939ರಲ್ಲಿ ಅವರ ಹೆಂಡತಿ ರಾಜಂ ಟೈಫಾಯ್ಡ್‌ನಿಂದ ತೀರಿಕೊಂಡರು. ಮಗಳು ಹೇಮಾ ಆಗ ತೀರಾ ಚಿಕ್ಕವಳು. ಆ ದುಃಖವನ್ನೇ ಅವರು 1945ರಲ್ಲಿ ಬಂದ ‘ದಿ ಇಂಗ್ಲಿಷ್ ಟೀಚರ್’ ಕಾದಂಬರಿಯಲ್ಲಿ ಬರೆದರು. ಮನೆಯೊಳಗಿನ ಅತಿ ನೋವಿನ ಗಳಿಗೆಯನ್ನು ಬರಹಗಾರರೇ ಕೈಯಾರೆ ಬರೆದು ಕೊಟ್ಟಿರುವಾಗ ಕ್ಯಾಮೆರಾ ಅಲ್ಲಿಗೆ ಹೋಗುವ ಅಗತ್ಯವೇ ಇಲ್ಲ ಅಂತ ನನ್ನ ಗಟ್ಟಿ ಅಭಿಪ್ರಾಯ. ಆ ಬೀದಿಯಲ್ಲಿ ನಾನು ಯಾವ ಮನೆಯ ಚಿತ್ರವನ್ನೂ ತೆಗೆಯಲಿಲ್ಲ. ಒಳಗೆ ಈಗ ಬೇರೆಯವರ ಬದುಕು ನಡೆಯುತ್ತಿದೆ.

ದೇವರಾಜ ಮಾರ್ಕೆಟ್ ತಲುಪುವ ಹೊತ್ತಿಗೆ ಮಧ್ಯಾಹ್ನ. ಕುಂಕುಮದ ಗುಡ್ಡೆಗಳ ಮುಂದೆ ಎಲ್ಲರೂ ಫೋಟೋ ತೆಗೆಯುತ್ತಾರೆ, ನಾನು ಹೂವಿನ ಸಾಲಿಗೆ ಹೋದೆ. ಒಬ್ಬ ಅಮ್ಮ ಮಲ್ಲಿಗೆ ಕಟ್ಟುತ್ತಿದ್ದರು. ಬಾಳೆನಾರನ್ನು ನೀರಲ್ಲಿ ಅದ್ದಿ, ಒಂದು ತುದಿಯನ್ನು ಕಾಲ ಹೆಬ್ಬೆರಳಿಗೆ ಸಿಕ್ಕಿಸಿಕೊಂಡಿದ್ದರು. ಎಡಗೈ ಎರಡು ಮೊಗ್ಗು ಈ ಕಡೆ, ಎರಡು ಆ ಕಡೆ ಜೋಡಿಸುತ್ತದೆ. ಬಲಗೈ ನಾರನ್ನು ಸುತ್ತಿ, ಬೆರಳಿನ ಮೇಲೊಂದು ಕುಣಿಕೆ ಮಾಡಿ, ಹೂವಿಗೆ ತೊಡಿಸಿ ಎಳೆಯುತ್ತದೆ. ಕಣ್ಣು ಮಾತ್ರ ರಸ್ತೆಯ ಮೇಲೆ. ಗಿರಾಕಿ ಬಂದರೆ ಮಾತು, ಪಕ್ಕದವಳ ಜೊತೆ ಜಗಳ, ಮೊಮ್ಮಗನಿಗೆ ಗದರಿಕೆ, ಯಾವುದಕ್ಕೂ ಕೈ ನಿಲ್ಲುವುದಿಲ್ಲ.

ಕ್ಯಾಮೆರಾ ಎತ್ತಿದ್ದೇ ತಡ, ಸೆರಗು ಮುಖಕ್ಕೆ ಬಂತು. “ಬ್ಯಾಡ ಕಣಪ್ಪ. ಎಲ್ಲರೂ ತಗೊಂಡೋಯ್ತಾರೆ, ಒಬ್ರೂ ತಂದು ಕೊಡಲ್ಲ.”

ಸರಿಯಾದ ಮಾತು. ಒಂದು ಮೊಳ ಹೂ ತಗೊಂಡು, ಅಲ್ಲೇ ಒಂದು ಬುಟ್ಟಿ ಬೋರಲು ಹಾಕಿಕೊಂಡು ಕೂತೆ. ಮೊಗ್ಗು ಎಲ್ಲಿಂದ ಬರುತ್ತದೆ, ದಸರಾದಲ್ಲಿ ರೇಟು ಎಷ್ಟಿತ್ತು, ಮಳೆ ಬಂದರೆ ಮೊಗ್ಗು ಹೇಗೆ ಕೊಳೆಯುತ್ತದೆ, ಎಲ್ಲಾ ಹೇಳಿದರು. ಮಳೆ ಅನ್ನುತ್ತಿದ್ದ ಹಾಗೇ ಮಳೆ ಬಂತು! ಮೇಲಿನ ಟಾರ್ಪಾಲಿನಲ್ಲಿ ತುಂಬಿದ್ದ ನೀರು ಗಾಳಿಗೆ ಒಮ್ಮೆಲೇ ನನ್ನ ಬ್ಯಾಗಿನ ಮೇಲೆ ಸುರಿಯಿತು. ಅಮ್ಮ ಹೂ ಬಿಟ್ಟು ಎದ್ದು, ಬ್ಯಾಗು ಕಸಿದುಕೊಂಡು, ತಮ್ಮ ಒಣ ಗೋಣಿಯಿಂದ ಒರೆಸಿ, ಹೂ ತುಂಬುವ ದೊಡ್ಡ ಪ್ಲಾಸ್ಟಿಕ್ ಕವರ್ ಒಳಗೆ ಹಾಕಿಕೊಟ್ಟರು. ಕ್ಯಾಮೆರಾ ಉಳಿಯಿತು. ಒಂದು ಬ್ಯಾಟರಿ ಮಾತ್ರ ಕೈಕೊಟ್ಟಿತು. ಅಕ್ಟೋಬರಿನಲ್ಲಿ ಮೈಸೂರಿಗೆ ಹೋಗುವವರು ಬೆಳಿಗ್ಗೆ ಎಷ್ಟೇ ಬಿಸಿಲಿದ್ದರೂ ಮಧ್ಯಾಹ್ನಕ್ಕೊಂದು ಮಳೆ ಕವರ್ ಇಟ್ಟುಕೊಂಡಿರಿ.

ಮಳೆ ನಿಂತ ಮೇಲೆ ಹೊರಟಾಗ ಅಮ್ಮನೇ ಕೇಳಿದರು: “ನಾಳೆ ಇರ್ತೀಯಾ?”

ಭಾನುವಾರ: ದೀಪದ ಹುಡುಗಿ, ಕರೆಂಟು ಹೋದ ಮನೆ

ಜಗನ್ಮೋಹನ ಅರಮನೆಯ ಗ್ಯಾಲರಿಯಲ್ಲಿ ನಾನು ನೋಡಬೇಕೆಂದಿದ್ದು ಒಂದೇ ಚಿತ್ರ. ಕೈಯಲ್ಲಿ ದೀಪ ಹಿಡಿದು, ಇನ್ನೊಂದು ಕೈಯನ್ನು ಅಡ್ಡ ಹಿಡಿದಿರುವ ಹೆಣ್ಣುಮಗಳ ಚಿತ್ರ. ಬೆಳಕು ಬೆರಳುಗಳ ಸಂದಿನಿಂದ ಕೆಂಪಗೆ ಇಣುಕುತ್ತದೆ. ನನ್ನ ಪಕ್ಕದಲ್ಲಿದ್ದ ಕುಟುಂಬ “ರವಿವರ್ಮಂದು ನೋಡು” ಅಂತ ಮಕ್ಕಳಿಗೆ ತೋರಿಸುತ್ತಿತ್ತು. ಬಹಳ ಜನ ಹಾಗೇ ಅಂದುಕೊಂಡಿದ್ದಾರೆ. ಇದು ಎಸ್.ಎಲ್. ಹಲ್ದಣಕರ್ ಬರೆದದ್ದು, 1945-46ರ ಸುಮಾರಿನಲ್ಲಿ. ಎಣ್ಣೆ ಬಣ್ಣವೂ ಅಲ್ಲ, ಜಲವರ್ಣ. ದೀಪ ಹಿಡಿದು ನಿಂತವರು ಅವರ ಮಗಳು ಗೀತಾ. ಅವರು ನೂರು ವರ್ಷ ದಾಟಿ ಬದುಕಿ, 2018ರಲ್ಲಿ ತೀರಿಕೊಂಡರು.

ಇದು ಗೊತ್ತಾದ ಮೇಲೆ ಚಿತ್ರ ಬೇರೆಯೇ ಆಗಿ ಕಾಣುತ್ತದೆ. ಅಪ್ಪನ ಮುಂದೆ ನಿಂತ ಮಗಳ ಮುಖದ ನಿರಾಳ ಅದು. ದೀಪದ ಬಿಸಿ ತಾಕುವಷ್ಟು ಹತ್ತಿರ ಬೆರಳಿಟ್ಟು ಗಂಟೆಗಟ್ಟಲೆ ನಿಲ್ಲೋದು ಸುಲಭವೇ? ಗ್ಯಾಲರಿಯೊಳಗೆ ಫೋಟೋ ತೆಗೆಯುವಂತಿಲ್ಲ. ಒಳ್ಳೆಯದೇ ಆಯಿತು. ಮೊಬೈಲ್ ಹಿಡಿಯದ ಜನ ಆ ಚಿತ್ರದ ಮುಂದೆ ಸ್ವಲ್ಪ ಹೊತ್ತು ಜಾಸ್ತಿ ನಿಲ್ಲುತ್ತಾರೆ.

ಮಾರ್ಕೆಟ್ಟಿಗೆ ಹೋದೆ. ಅಮ್ಮ ಸೆರಗು ಎಳೆದುಕೊಳ್ಳಲಿಲ್ಲ, ನನ್ನ ಕಡೆ ನೋಡಲೂ ಇಲ್ಲ. ಹೂ ಕಟ್ಟುತ್ತಲೇ ಇದ್ದರು. ಬುಟ್ಟಿಯ ಮೇಲೆ ಕೂತು, ಅವರ ಕೈ ಎತ್ತರಕ್ಕೇ ಕ್ಯಾಮೆರಾ ಹಿಡಿದು, ಹೊರಗಿನ ಬೆಳಕಲ್ಲೇ ತೆಗೆದೆ. ನಾರು ಬೆರಳಿಗೆ ಸುತ್ತಿರುವುದು, ಹಸಿರು ಕಲೆ ಹಿಡಿದ ಉಗುರು, ಕಾಲ ಹೆಬ್ಬೆರಳು. ವಿಳಾಸ ಅಂತ ಪಕ್ಕದ ಅಂಗಡಿಯ ಚೀಟಿ ಕೊಟ್ಟರು.

ರೈಲಿಗೆ ಇನ್ನೂ ಸಮಯವಿತ್ತು. ಮತ್ತೆ ಯಾದವಗಿರಿಗೆ ಹೋದೆ. ಮನೆಯೊಳಗೆ ಹೋಗಿ ಮೆಟ್ಟಿಲು ಹತ್ತುತ್ತಿರುವಾಗ ಕರೆಂಟು ಹೋಯಿತು. ಕೆಳಗೆ ಬಂದಿದ್ದ ಕೆಲವರು ಬೇಜಾರಾಗಿ ಹೊರಗೆ ಹೋದರು. ನನಗೆ ಖುಷಿಯೋ ಖುಷಿ. ಟ್ಯೂಬ್‌ಲೈಟ್ ಇಲ್ಲದ ಮನೆ! ಮೋಡ ಸರಿದು ಇಳಿಬಿಸಿಲು ಬಂದಿತ್ತು. ಮಹಡಿಯ ಕೋಣೆಯಲ್ಲಿ ಪಶ್ಚಿಮದ ಕಡೆಯಿಂದ ಬೆಳಕು ನೆಲದ ಮೇಲೆ ಓರೆಯಾಗಿ ಬಿದ್ದು, ಎದುರು ಗೋಡೆಗೆ ತಾಗಿ, ಇಡೀ ಕೋಣೆ ತಿಳಿ ಹಳದಿಯಾಗಿತ್ತು. ಎಲ್ಲಾ ಕಿಟಕಿಗಳಿಂದ ಬೇರೆ ಬೇರೆ ಅಳತೆಯ ಬೆಳಕು. ಬರೆಯುವ ಕೈಗೆ ನೆರಳು ಬೀಳದ ಜಾಗ ಎಲ್ಲಿ ಅಂತ ನೋಡುತ್ತಾ ಹೋದೆ. ಕಡಿಮೆ ಬೆಳಕಿಗೆ ಹೊಂದುವಂತೆ ಕ್ಯಾಮೆರಾದ ಐಎಸ್‌ಒ 800ಕ್ಕೆ ಇಟ್ಟು, ಗೋಡೆಗೆ ಬೆನ್ನು ಕೊಟ್ಟು, ಉಸಿರು ಬಿಗಿಹಿಡಿದು ತೆಗೆದೆ. ಕೆಳಗಿನ ಗಾಜಿನ ಪೆಟ್ಟಿಗೆಯಲ್ಲಿ ಕನ್ನಡಕದ ಮೇಲಿನ ಬಿಳಿ ಗೆರೆಯೂ ಹೋಗಿತ್ತು. ಗಾಜಿನ ಆಚೆ ಅದರ ಸಣ್ಣ ಗೀರುಗಳು ಸಹ ಕಂಡವು. ಓದಿ ಓದಿ, ಒರೆಸಿ ಒರೆಸಿ ಆದ ಗೀರು. ನೀವು ಹೋಗುವುದಾದರೆ ಮಧ್ಯಾಹ್ನ ಮೂರರ ಮೇಲೆ ಹೋಗಿ. ರಜೆ ದಿನ ಯಾವುದು ಅಂತ ಮೊದಲೇ ವಿಚಾರಿಸಿಕೊಳ್ಳಿ.

ಸತ್ಯನ್ ದೆಹಲಿಯಲ್ಲಿ ಬಹಳ ವರ್ಷ ದುಡಿದು ಮತ್ತೆ ಮೈಸೂರಿಗೇ ಬಂದರು. 2009ರ ಡಿಸೆಂಬರ್ 13ರಂದು, ಹುಟ್ಟುಹಬ್ಬಕ್ಕೆ ಐದು ದಿನ ಇರುವಾಗ, ಇಲ್ಲೇ ತೀರಿಕೊಂಡರು. ಅವರ ಮೈಸೂರು ಚಿತ್ರಗಳಿಗೆ ಅಂತಲೇ ಮೈಸೂರಿನಲ್ಲೊಂದು ದೊಡ್ಡ ಕೋಣೆ ಬೇಕು. ಈ ಊರಿನ ಮಕ್ಕಳು ಅವನ್ನು ನೋಡೋಕೆ ಬೆಂಗಳೂರಿನವರೆಗೆ ಯಾಕೆ ಬರಬೇಕು? ನಾರಾಯಣ್ ಮನೆ ಉಳಿಸಿದ ಊರು ಇದನ್ನೂ ಮಾಡುತ್ತದೆ ಅಂತ ನನಗೆ ನಂಬಿಕೆ ಇದೆ.

ಊರಿಗೆ ಬಂದ ವಾರವೇ ಹೂವಿನಮ್ಮನಿಗೆ ಪ್ರಿಂಟ್ ಹಾಕಿಸಿ ಪೋಸ್ಟ್ ಮಾಡಿದೆ. ಪಕ್ಕದ ಅಂಗಡಿಯವರ ಫೋನಿನಿಂದ ಕರೆ ಬಂತು.

“ಬಂತು ಕಣಪ್ಪ. ಬರೀ ಕೈ ತೆಗ್ದಿದ್ದೀಯಲ್ಲ, ಮುಖ ಎಲ್ಲಿ? ಮುಂದಿನ ಸಲ ಬಾ, ಒಳ್ಳೆ ಸೀರೆ ಉಟ್ಕೊಂಡಿರ್ತೀನಿ.”

ಸಂಕ್ರಾಂತಿಗೆ ಹೋಗುತ್ತಿದ್ದೇನೆ.